ಗುರುತಿನ ಬೆಟ್ಟಗಳು

ದೂರದ ಬೆಟ್ಟ ನುಣ್ಣಗೆ ಎಂದವರು
ಕಡಲ ಕಡೆಯಿಂದ ನೋಡಿದವರಲ್ಲ.
ನಮಗೆ ಬೇಕಾದದ್ದು ಗೀರು, ಕಚ್ಚು, ಮುರುಕು.
ನುಣ್ಣಗಿದ್ದರೆ ದಾರಿ ಹಿಡಿಯುವುದೆಲ್ಲಿ?

ಚಿಲಿಯ ತೆಂಕಣ ಕರಾವಳಿ. ನನಗೆ ಹನ್ನೊಂದು.
ಮಾವ ನೊಲ್ಬೆರ್ತೊ ಪೈಯಾಕಾರ್
ಚುಕ್ಕಾಣಿಯನ್ನು ಕಂಕುಳಲ್ಲಿ ಅದುಮಿಕೊಂಡು,
ಗಾಳದ ನೂಲು ಕೊಯ್ದ ಬೆರಳು ಚಾಚಿ ಹೇಳಿಕೊಟ್ಟ:
ಬಲದಿಂದ ಎಣಿಸು.
ಗೂನಜ್ಜಿ.
ಮುರಿದ ಹಲ್ಲು.
ಅವಳಿಜವಳಿ, ಅದರಲ್ಲಿ ಎಡದವಳು ಸದಾ ಮುಸುಕಿನೊಳಗೆ.
ಆಮೇಲೆ ಎಲ್ಲರ ಹಿಂದೆ, ಬಿಳಿ ಟೊಪ್ಪಿಯ ದೊಡ್ಡವ.
ಅವನ ಹೆಸರು?
ಶಾಲೆಯ ನಕ್ಷೆಯಲ್ಲಿ ಒಂದಿದೆ, ನಾವು ಕರೆಯುವುದಿಲ್ಲ.
ಮಲಗಿದವರನ್ನು ಹೆಸರು ಹಿಡಿದು ಕೂಗಬಾರದು.

ದೊಡ್ಡವನ ಬಲ ಹೆಗಲು
ಇಗರ್ಜಿಯ ಶಿಲುಬೆಯ ಮೇಲೆ ಬಂದು ಕೂತಿತೋ,
ಚುಕ್ಕಾಣಿ ಎಡಕ್ಕೆ.
ಕೈಯಗಲ ಮೊದಲಾದರೆ ಬಂಡೆ.
ಕೈಯಗಲ ತಡವಾದರೂ ಬಂಡೆ,
ಮೊದಲನೆಯದರ ತಂಗಿ.

ಮೇ ತಿಂಗಳ ಒಂದು ರಾತ್ರಿ
ಒಲೆಯ ಮೇಲಿನ ಕೆಟಲು ತಾನಾಗಿ ನಡೆಯಿತು.
ಬೆಳಗಾಗಲಿಲ್ಲ.
ಬೂದಿ ಬಿತ್ತು, ಹಿಮದ ಹಾಗೆ ಸದ್ದಿಲ್ಲದೆ,
ಹಿಮದ ಹಾಗೆ ಕರಗದೆ.
ಆಲೂಗಡ್ಡೆಯ ಸಾಲಿನ ಮೇಲೆ, ಹಸುವಿನ ರೆಪ್ಪೆಯ ಮೇಲೆ,
ಅಮ್ಮ ಹಿಟ್ಟು ನಾದುತ್ತಿದ್ದ ಮರಿಗೆಯಲ್ಲಿ.
ನೌಕಾಪಡೆಯ ಹಡಗು ಬಂತು. ನಾಯಿಗಳಿಗೆ ಜಾಗವಿಲ್ಲ ಎಂದರು.
ಅಮ್ಮ ಹೊಲಿಗೆ ಯಂತ್ರದ ತಲೆಯನ್ನಷ್ಟೇ ಬಿಚ್ಚಿ
ಕೂಸಿನ ಹಾಗೆ ಶಾಲಿನಲ್ಲಿ ಸುತ್ತಿ ಹತ್ತಿದಳು.
ಯಾರೋ ಕೇಳಿದರು, ಗಂಡೋ ಹೆಣ್ಣೋ?

ಹದಿನಾಲ್ಕು ತಿಂಗಳು ದ್ವೀಪದ ಯಾವುದೋ ಶಾಲೆಯಲ್ಲಿ
ಕರಿಹಲಗೆಯ ಕೆಳಗೆ ಮಲಗಿದೆವು.

ಮರಳಿ ಬಂದ ದಿನ ಮಾವ ದೋಣಿಯ ಮುಂಗೋಲಿನಲ್ಲಿ ನಿಂತು ಎಣಿಸಿದ.
ಗೂನಜ್ಜಿ. ಮುರಿದ ಹಲ್ಲು. ಅವಳಿಜವಳಿ.
ನಿಂತ.
ಮತ್ತೆ ಮೊದಲಿಂದ ಎಣಿಸಿದ.
ಇಗರ್ಜಿ ಇತ್ತು, ಶಿಲುಬೆ ಇತ್ತು,
ಅದರ ಹಿಂದೆ ಬರೀ ಆಕಾಶ.
ಅಷ್ಟೊಂದು ಆಕಾಶ ಅಲ್ಲಿ ಎಂದೂ ಇರಲಿಲ್ಲ.
ಸಾವಿನ ಮನೆಯ ಹೊಸ್ತಿಲಲ್ಲಿ ನಿಂತವನ ಹಾಗೆ
ಟೊಪ್ಪಿ ತೆಗೆದು ಎದೆಗೆ ಹಿಡಿದ.
ದೊಡ್ಡವನ ಹೆಗಲು ನದಿಯಾಗಿ ಇಳಿದು
ಸಂತೆಬೀದಿಯ ಮೇಲೆ ಕೆಸರಾಗಿ ಮಲಗಿತ್ತು.

ಬರ್ರಿಯಾ ಅಣ್ಣತಮ್ಮಂದಿರ ದೋಣಿಯನ್ನು
ಆ ವಾರವೇ ಬಂಡೆಯ ತಂಗಿ ಎಳೆದುಕೊಂಡಳು.
ಜೀವ ಉಳಿಯಿತು; ಬಲೆ, ಮೀನು, ಇಬ್ಬರ ಮಾತು ಹೋಯಿತು.
ಕಿರಿಯರು ಉಪಗ್ರಹ ನೋಡಿ ದಾರಿ ಹೇಳುವ ಪೆಟ್ಟಿಗೆ ಕೊಂಡರು.
ಮಾವನೂ ಕೊಂಡ.
ಪ್ಲಾಸ್ಟಿಕ್ ಚೀಲದಲ್ಲಿ ಕಟ್ಟಿ ಹಲಗೆಯಡಿ ಇಟ್ಟ.
ಇದು ಹೇಳುತ್ತದೆ, ತೋರಿಸುವುದಿಲ್ಲ ಅಂದ.

ಚಳಿಗಾಲವಿಡೀ ನಾವಿಬ್ಬರೂ ಕಡಲಿನಿಂದ ಊರು ಹುಡುಕಿದೆವು.
ಹೊಸ ಕಚ್ಚಿನಿಂದ ಹೊಗೆ ಏಳುತ್ತಿತ್ತು,
ಆದರೆ ಹೊಗೆ ಗಾಳಿಯ ಮನೆಯಾಳು, ಸಾಕ್ಷಿಗೆ ಬಾರದು.
ಸುಟ್ಟ ಮರಗಳು ಬೆಳ್ಳಗೆ ನಿಂತಿದ್ದವು,
ಎಲ್ಲ ಒಂದೇ ಹಾಗೆ, ಮೂಳೆಗಳ ಹಾಗೆ.
ಕೊನೆಗೆ ನಾನು ಕೂಗಿದೆ:
ಕಚ್ಚಿನ ತುದಿ, ಅದರ ಕೆಳಗೆ ಓತಿಲಿಯಾಳ ಕೊಟ್ಟಿಗೆಯ ಬಾಗಿಲು!
ಮೂರು ಸಲ ಹೋಗಿ ಬಂದೆವು. ಸೀಸದಗುಂಡು ಇಳಿಸಿ ಆಳ ನೋಡಿದೆವು.
ಸರಿ ಇತ್ತು.

ಮಾವ ಹಳದಿ ಬಣ್ಣದ ಡಬ್ಬಿ ಹಿಡಿದು
ವಿಧವೆ ಓತಿಲಿಯಾಳ ಅಂಗಳದಲ್ಲಿ ನಿಂತ.
ಈ ಬಾಗಿಲು ಬಳಿಯುತ್ತೇನೆ. ಕೊಟ್ಟಿಗೆ ಕೆಡವಬೇಡ.
ಅವಳು ಮಾತೆಯ ಕಷಾಯ ಹೀರಿ, ನಳಿಗೆ ಒರೆಸಿ,
ಬಹಳ ಹೊತ್ತು ಅವನನ್ನೇ ನೋಡಿದಳು.
ಬೆಟ್ಟ ಬಿದ್ದು ಹೋಯಿತು, ನೊಲ್ಬೆರ್ತೊ,
ನನ್ನ ಕೊಟ್ಟಿಗೆ ನಿಲ್ಲಬೇಕೇ?

ಹೂಂ, ಅಂದ.
ಬಳಿದ.

ಮಾರನೆಯ ಮುಂಜಾವು ಅಳಿವೆಯಲ್ಲಿ
ಮಾವ ದೊಡ್ಡವನ ಕಡೆ ತಿರುಗಿ
ನಕ್ಷೆಯ ಆ ಹೆಸರು ಹಿಡಿದು ಕೂಗಿದ, ಅರ್ಧ ತಪ್ಪಾಗಿ.
ನಾನು ಬೆಚ್ಚಿದೆ.
ಎದ್ದಾಯಿತಲ್ಲ, ಅಂದ,
ಇನ್ನೇಕೆ ಮೆಲ್ಲಗೆ?

ಹಳದಿ ಬಾಗಿಲು ಕಚ್ಚಿನ ಕೆಳಗೆ ಬಂತು.
ಚುಕ್ಕಾಣಿ ನನ್ನ ಕೈಲಿತ್ತು.